ಬ್ಲೌಸಿಗಿರುವ ಅಳತೆ ಬ್ರಾಗೂ ಇರಲಿ

ಬ್ಲೌಸ್ ಹೊಲಿಸುವ ವಿಷಯದಲ್ಲಿ ನಮ್ಮನ್ನು ಮೀರಿಸುವವರು ಯಾರಿದ್ದಾರೆ ಹೇಳಿ. ಅಳತೆ ಬ್ಲೌಸನ್ನು ಚೀಲದಲ್ಲಿಟ್ಟುಕೊಂಡೇ ಟೈಲರ್ ಹತ್ತಿರ ಹೋಗುತ್ತೇವೆ. "ಹೋದ ಸಲ ಕಂಕುಳಲ್ಲಿ ಹಿಡಿದಿತ್ತು, ಈ ಸಲ ಅರ್ಧ ಇಂಚು ಬಿಡಿ" ಅನ್ನುತ್ತೇವೆ. ಬೆನ್ನು ಎಷ್ಟು ಆಳ ಇರಬೇಕು, ತೋಳು ಎಲ್ಲಿಗೆ ನಿಲ್ಲಬೇಕು, ಹುಕ್ಕು ಮುಂದೋ ಹಿಂದೋ, ಎಲ್ಲಕ್ಕೂ ನಮ್ಮದೊಂದು ಅಭಿಪ್ರಾಯ ಇದ್ದೇ ಇರುತ್ತದೆ. ಸರಿಹೋಗಲಿಲ್ಲವೋ, ನಾಳೆ ಬೆಳಿಗ್ಗೆ ಮುಹೂರ್ತವಿದ್ದರೂ ಬಿಚ್ಚಿಸಿ ಮತ್ತೆ ಹೊಲಿಸುತ್ತೇವೆ. ಅದೇ ಬ್ಲೌಸಿನ ಒಳಗೆ ಹಾಕುವ ಬ್ರಾ ತರಲು ಹೋದಾಗ ಮಾತ್ರ ಫ್ಯಾನ್ಸಿ ಸ್ಟೋರಿನ ಕೌಂಟರಿಗೆ ಒರಗಿ, ಪಕ್ಕದಲ್ಲಿ ಗುರುತಿನವರು ಯಾರೂ ಇಲ್ಲ ಎಂದು ಖಾತ್ರಿ ಮಾಡಿಕೊಂಡು, ದನಿ ತಗ್ಗಿಸಿ "ತರ್ಟಿಫೋರ್" ಅನ್ನುತ್ತೇವೆ. ಡಬ್ಬಿ ಬರುತ್ತದೆ. ಬಣ್ಣ ನೋಡಿ, ದುಡ್ಡು ಕೊಟ್ಟು, ಪೇಪರಿನಲ್ಲಿ ಸುತ್ತಿಸಿಕೊಂಡು ಹೊರಬೀಳುತ್ತೇವೆ.

ಆ ತರ್ಟಿಫೋರ್ ಎಲ್ಲಿಂದ ಬಂತು? ಕಾಲೇಜಿಗೆ ಸೇರಿದ ಹೊಸತರಲ್ಲಿ ಅಮ್ಮ ಹೇಳಿದ್ದಿರಬಹುದು, ಇಲ್ಲವೇ ಕೌಂಟರಿನ ಆಚೆ ನಿಂತವರು ಒಮ್ಮೆ ಕಣ್ಣಳತೆಯಲ್ಲಿ ಕೊಟ್ಟದ್ದಿರಬಹುದು. ಅದಾದ ಮೇಲೆ ಹೆರಿಗೆಗಳಾದವು, ಹಾಲೂಡಿಸಿದ್ದಾಯಿತು, ಥೈರಾಯ್ಡ್ ಬಂತು, ತೂಕ ಏರಿತು, ಇಳಿಯಿತು. ನಂಬರು ಮಾತ್ರ ಆಧಾರ್ ಸಂಖ್ಯೆಯ ಹಾಗೆ ಕಾಯಂ. ಭುಜದ ಮೇಲೆ ಬಿದ್ದ ಗೆರೆ, ಸಂಜೆಯ ಹೊತ್ತಿಗೆ ಕತ್ತು ಹಿಡಿಯುವುದು, ಬಸ್ಸಿನಲ್ಲಿ ಕೈ ಮೇಲೆತ್ತಿ ಕಂಬಿ ಹಿಡಿದರೆ ಬಟ್ಟೆಯೆಲ್ಲ ಮೇಲೆ ಸರಿಯುವುದು, ಇವೆಲ್ಲ ಹೆಂಗಸಿನ ಹಣೆಬರಹ ಎಂದು ಒಪ್ಪಿಕೊಂಡು ಕೂತಿದ್ದೇವೆ. ಹಣೆಬರಹ ಅಲ್ಲ, ಅಳತೆಯ ತಪ್ಪು. ಅದನ್ನು ತಿದ್ದಲು ಬೇಕಾದ್ದು ಹೊಲಿಗೆ ಪೆಟ್ಟಿಗೆಯಲ್ಲಿರುವ ಇಂಚು ಟೇಪು. ಈ ವಾರ, ಬಾಗಿಲು ಹಾಕಿಕೊಂಡು, ಕನ್ನಡಿಯ ಮುಂದೆ ನಿಂತು ಒಮ್ಮೆ ಅಳೆದುಕೊಳ್ಳಿ ಎಂದು ಕೇಳಿಕೊಳ್ಳುವುದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಅಳೆಯುವುದು ಎರಡೇ ಕಡೆ. ಮೊದಲನೆಯದು ಸ್ತನದ ಬುಡಕ್ಕೆ ಸರಿಯಾಗಿ ಕೆಳಗೆ, ಪಕ್ಕೆಲುಬಿನ ಸುತ್ತ. ಉಸಿರು ಬಿಟ್ಟು, ಟೇಪನ್ನು ಬಿಗಿಯಾಗಿ ಎಳೆದು ಹಿಡಿಯಿರಿ. ಬೆನ್ನಿನ ಕಡೆ ಟೇಪು ಜಾರಿರುತ್ತದೆ, ಕನ್ನಡಿಗೆ ಪಕ್ಕಕ್ಕೆ ತಿರುಗಿ ನೋಡಿಕೊಳ್ಳಿ, ಮುಂದೂ ಹಿಂದೂ ಒಂದೇ ಮಟ್ಟದಲ್ಲಿರಬೇಕು. ಎರಡನೆಯದು ಎದೆಯ ತುಂಬು ಭಾಗದ ಮೇಲೆ. ಇಲ್ಲಿ ಟೇಪು ಸುಮ್ಮನೆ ತಾಗಿಕೊಂಡಿದ್ದರೆ ಸಾಕು, ಒತ್ತಬಾರದು. ಪ್ಯಾಡ್ ಇಲ್ಲದ ಬ್ರಾ ಹಾಕಿಕೊಂಡು ಅಳೆಯಬಹುದು. ವಯಸ್ಸಾದಂತೆ, ಹಾಲೂಡಿಸಿದ ಮೇಲೆ, ಸ್ತನ ಇಳಿದಿದ್ದರೆ ಸ್ವಲ್ಪ ಮುಂದಕ್ಕೆ ಬಾಗಿ ಅಳೆದರೆ ಲೆಕ್ಕ ಸರಿಯಾಗಿ ಸಿಗುತ್ತದೆ. ಎರಡನ್ನೂ ಇಂಚಿನಲ್ಲಿ ಬರೆದಿಟ್ಟುಕೊಳ್ಳಿ.

ಇನ್ನು ಇದನ್ನು ಅಂಗಡಿಯ ಭಾಷೆಗೆ ತಿರುಗಿಸುವುದು. ತೊಡಕು ಶುರುವಾಗುವುದೇ ಇಲ್ಲಿ. ಬ್ರಾ ಸೈಜಿನಲ್ಲಿ ನಂಬರು ಬೆನ್ನು ಸುತ್ತುವ ಪಟ್ಟಿಯದು, ಇಂಗ್ಲಿಷ್ ಅಕ್ಷರ ಕಪ್ಪಿನದು. ಕಪ್ಪಿಗೆ ಅಕ್ಷರ ಕೊಡುವ ಪದ್ಧತಿ ಅಮೆರಿಕದ ಒಳ ಉಡುಪು ಕಂಪನಿಗಳಲ್ಲಿ 1930ರ ದಶಕದಲ್ಲಿ ಶುರುವಾದದ್ದು. ಎರಡು ಅಳತೆಗಳ ನಡುವೆ ಒಂದು ಇಂಚು ವ್ಯತ್ಯಾಸ ಇದ್ದರೆ ಎ, ಎರಡಕ್ಕೆ ಬಿ, ಮೂರಕ್ಕೆ ಸಿ, ನಾಲ್ಕಕ್ಕೆ ಡಿ, ಐದಕ್ಕೆ ಡಬಲ್ ಡಿ. ಆದರೆ ಯಾವ ಎರಡು ಅಳತೆ? ಹಳೆಯ ಪದ್ಧತಿಯವರು ಪಕ್ಕೆಲುಬಿನ ಅಳತೆಗೆ 4 ಅಥವಾ 5 ಇಂಚು ಸೇರಿಸಿ ಅದನ್ನೇ ಪಟ್ಟಿಯ ನಂಬರು ಅನ್ನುತ್ತಾರೆ. ಇನ್ನು ಕೆಲವರು ಏನನ್ನೂ ಸೇರಿಸುವುದಿಲ್ಲ.

ಒಬ್ಬಾಕೆಯ ಕೆಳಗಿನ ಅಳತೆ 30, ತುಂಬು ಎದೆಯ ಅಳತೆ 35 ಅಂದುಕೊಳ್ಳಿ. ಸೇರಿಸುವ ಲೆಕ್ಕದಲ್ಲಿ 30ಕ್ಕೆ 4 ಕೂಡಿ 34, ಉಳಿದ ವ್ಯತ್ಯಾಸ ಒಂದೇ ಇಂಚು, ಹಾಗಾಗಿ 34ಎ. ಸೇರಿಸದ ಲೆಕ್ಕದಲ್ಲಿ ಅದೇ ಮೈಗೆ 30 ಡಬಲ್ ಡಿ. ಎರಡಕ್ಕೂ ಅಜಗಜಾಂತರ. ಮೊದಲನೆಯದರಲ್ಲಿ ಪಟ್ಟಿ ಬೆನ್ನ ಮೇಲೆ ಸಡಿಲವಾಗಿ ಹತ್ತಿಕೊಂಡು ಹೋಗುತ್ತದೆ, ಕಪ್ಪಿನ ಮೇಲಿಂದ ಮಾಂಸ ಉಕ್ಕುತ್ತದೆ. ಆಗ ಆಕೆ ಏನು ಮಾಡುತ್ತಾಳೆ? "ಚಿಕ್ಕದಾಯ್ತು" ಎಂದು 36 ತರುತ್ತಾಳೆ. ಪಟ್ಟಿ ಇನ್ನೂ ಸಡಿಲ. ಸಡಿಲಾದ್ದನ್ನು ಸರಿಮಾಡಲು ಭುಜದ ಪಟ್ಟಿಯನ್ನು ಎಳೆದು ಬಿಗಿ ಮಾಡುತ್ತಾಳೆ. ಭುಜದ ಮೇಲಿನ ಗೆರೆಯ ಮೂಲ ಇದು. ಭಾರ ಹೊರಬೇಕಾದ್ದು ಬೆನ್ನು ಸುತ್ತುವ ಪಟ್ಟಿ, ಭುಜದ ಪಟ್ಟಿಯ ಕೆಲಸ ಕಪ್ಪನ್ನು ಅದರ ಜಾಗದಲ್ಲಿ ಹಿಡಿಯುವುದು ಅಷ್ಟೇ.

ಇನ್ನೊಂದು ವಿಷಯ ಅಂಗಡಿಯವರಲ್ಲೂ ಎಲ್ಲರಿಗೂ ಗೊತ್ತಿರುವುದಿಲ್ಲ. ಬಿ ಎಂದರೆ ಎಲ್ಲ ನಂಬರಿನಲ್ಲೂ ಒಂದೇ ಗಾತ್ರದ ಕಪ್ ಅಲ್ಲ. 32ಸಿ, 34ಬಿ, 36ಎ ಮೂರರ ಕಪ್ಪಿನಲ್ಲೂ ಹೆಚ್ಚುಕಡಿಮೆ ಒಂದೇ ಅಳತೆ ಹಿಡಿಯುತ್ತದೆ. ಹಾಗಾಗಿ 34ಬಿ ಹಾಕಿದಾಗ ಕಪ್ ಸರಿಯಿದ್ದು ಬೆನ್ನು ಸಡಿಲವಾದರೆ 32ಬಿ ಕೇಳಬೇಡಿ, 32ಸಿ ಕೇಳಿ. ಡಿ ಅಂದರೆ ಸಿನಿಮಾ ನಟಿಯರದ್ದು ಎಂಬ ಮುಜುಗರವನ್ನೂ ಬಿಟ್ಟುಬಿಡಿ. ಸಣಕಲು ಮೈಯ ಹುಡುಗಿಗೂ ಡಿ ಕಪ್ ಬರಬಹುದು, ಅದರಲ್ಲಿ ಹೆಚ್ಚುಗಾರಿಕೆಯೂ ಇಲ್ಲ, ನಾಚಿಕೆಯೂ ಇಲ್ಲ. ನಮ್ಮ ಊರುಗಳ ಅಂಗಡಿಗಳಲ್ಲಿ ಚಿಕ್ಕ ಪಟ್ಟಿ, ದೊಡ್ಡ ಕಪ್ ಸಿಗುವುದು ಕಷ್ಟ ಎನ್ನುವುದು ನಿಜ. ಕೇಳುವವರು ಇಲ್ಲ ಅಂತ ಅವರು ತರಿಸುವುದಿಲ್ಲ, ಇಲ್ಲ ಅಂತ ನಾವು ಕೇಳುವುದಿಲ್ಲ. ಕೇಳಿ. ಕೇಳಿದರೆ ತಾನೇ ತರಿಸುತ್ತಾರೆ.

ಕಂಪನಿಗೊಂದು ಲೆಕ್ಕ ಇರುವುದರಿಂದ ಟೇಪಿನ ಉತ್ತರ ಆರಂಭ ಮಾತ್ರ, ತೀರ್ಪು ಕೊಡುವುದು ಮೈ. ಬಹಳಷ್ಟು ಡಬ್ಬಿಗಳ ಹಿಂಬದಿಯಲ್ಲಿ ಸೆಂಟಿಮೀಟರಿನಲ್ಲಿ ಕೆಳ ಅಳತೆ ಅಚ್ಚಾಗಿರುತ್ತದೆ. ನಂಬರಿಗಿಂತ ಅದನ್ನು ನಂಬಿ. ಸಂತೆಯಲ್ಲಿ ಪ್ಲಾಸ್ಟಿಕ್ ಹಾಸಿನ ಮೇಲೆ ಗುಡ್ಡೆ ಹಾಕಿ ಮಾರುವ ಕಡೆ ಡಬ್ಬಿಯೂ ಇರುವುದಿಲ್ಲ, ಹಾಕಿ ನೋಡುವ ಮಾತಂತೂ ಇಲ್ಲವೇ ಇಲ್ಲ. ಅಲ್ಲಿ ಹೀಗೆ ಮಾಡಿ: ಹುಕ್ಕಿನ ತುದಿಯಿಂದ ಈಚೆಯ ತುದಿಯವರೆಗೆ ಪಟ್ಟಿಯನ್ನು ಪೂರ್ತಿ ಎಳೆದು ಟೇಪಿನ ಮೇಲಿಡಿ. ಎಳೆದಾಗ ಬಂದ ಉದ್ದ ನಿಮ್ಮ ಪಕ್ಕೆಲುಬಿನ ಅಳತೆಗಿಂತ ಬಹಳ ಜಾಸ್ತಿ ಇದ್ದರೆ ಬಿಟ್ಟುಬಿಡಿ, ಎಷ್ಟೇ ಅಗ್ಗವಾದರೂ. ನಾಲ್ಕು ಒಗೆತಕ್ಕೆ ಅದು ಇನ್ನಷ್ಟು ಸಡಿಲವಾಗುತ್ತದೆ.

ಹಾಕಿ ನೋಡುವ ಅವಕಾಶ ಸಿಕ್ಕಿದರೆ ಹೊಸ ಬ್ರಾವನ್ನು ಅತ್ಯಂತ ಹೊರಗಿನ ಹುಕ್ಕಿಗೆ ಸಿಕ್ಕಿಸಿ. ಅಲ್ಲೇ ಅದು ಬಿಗಿಯಾಗಿ ಕೂರಬೇಕು, ಒಳಗಿನ ಸಾಲುಗಳು ಎಲಾಸ್ಟಿಕ್ ಹಿಗ್ಗಿದ ಮೇಲಿನ ದಿನಗಳಿಗೆ. ಮುಂದಕ್ಕೆ ಬಾಗಿ, ಕೈ ಹಾಕಿ, ಕಂಕುಳ ಕಡೆಗೆ ಸರಿದ ಮಾಂಸವನ್ನೆಲ್ಲ ಕಪ್ಪಿನೊಳಗೆ ತಂದುಕೊಳ್ಳಿ. ಬಹುಪಾಲು ಹೆಂಗಸರು ಈ ಒಂದು ಕೆಲಸ ಮಾಡುವುದೇ ಇಲ್ಲ, ಮಾಡಿದ ತಕ್ಷಣ ಕಪ್ ಚಿಕ್ಕದು ಅಂತ ಗೊತ್ತಾಗುತ್ತದೆ. ಆಮೇಲೆ ಎರಡೂ ಕೈ ಮೇಲೆತ್ತಿ ನೋಡಿ. ಪಟ್ಟಿ ಬೆನ್ನಲ್ಲಿ ಮೇಲೇರಿದರೆ ಸಡಿಲ. ಭುಜದ ಪಟ್ಟಿಯ ಕೆಳಗೆ ಎರಡು ಬೆರಳು ಆರಾಮಾಗಿ ಹೋಗಬೇಕು. ತಂತಿ ಇರುವಂಥದ್ದಾದರೆ ನಡುವಿನ ಭಾಗ ಎದೆಮೂಳೆಗೆ ತಾಗಿ ಕೂರಬೇಕು, ತಂತಿ ಸ್ತನದ ಮೇಲೆ ಒತ್ತಲೇಬಾರದು. ಬಾಣಂತಿಯರು ಇದರಲ್ಲಿ ಇನ್ನೂ ಹುಷಾರಾಗಿರಬೇಕು. ಬಿಗಿ ಬ್ರಾ ಒತ್ತಿ ಹಾಲು ಕಟ್ಟಿಕೊಂಡರೆ ಆಗುವ ನೋವು ಅನುಭವಿಸಿದವರಿಗೇ ಗೊತ್ತು.

ಹೈಸ್ಕೂಲಿಗೆ ಹೋಗುವ ಮಗಳಿರುವ ತಾಯಂದಿರಿಗೆ, ಹಾಗೇ ಪಿ.ಟಿ. ಮೇಷ್ಟ್ರು-ಮೇಡಂಗಳಿಗೆ ಒಂದೆರಡು ಮಾತು ಬೇರೆಯಾಗಿ ಹೇಳಬೇಕು. ಇಂಗ್ಲೆಂಡಿನ ಪೋರ್ಟ್ಸ್‌ಮತ್ ವಿಶ್ವವಿದ್ಯಾಲಯದಲ್ಲಿ ಸ್ತನದ ಚಲನೆ, ಆಧಾರ ಇವನ್ನೇ ಅಧ್ಯಯನ ಮಾಡುವ ಒಂದು ತಂಡ ಇದೆ. ಅವರು 11ರಿಂದ 18 ವರ್ಷದ ಎರಡು ಸಾವಿರಕ್ಕೂ ಹೆಚ್ಚು ಶಾಲಾ ಹುಡುಗಿಯರನ್ನು ಕೇಳಿ 2016ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ ಸುಮಾರು ಶೇಕಡಾ 46ರಷ್ಟು ಹುಡುಗಿಯರಿಗೆ ಎದೆಯ ಕಾರಣದಿಂದ ಆಟೋಟಕ್ಕೆ ತೊಂದರೆ ಆಗುತ್ತಿತ್ತು. ನಮ್ಮಲ್ಲಿ ಲೆಕ್ಕ ಬೇಕಿಲ್ಲ, ಮೈದಾನದ ಅಂಚಿನಲ್ಲಿ "ಹೊಟ್ಟೆ ನೋವು ಮಿಸ್" ಎಂದು ಕೂತ ಎಂಟನೇ ಕ್ಲಾಸಿನ ಮಕ್ಕಳನ್ನು ನೋಡಿ. ಬೆನ್ನು ಬಗ್ಗಿಸಿ ನಡೆಯುವ ಹುಡುಗಿಗೆ "ನೆಟ್ಟಗೆ ನಿಲ್ಲು" ಅನ್ನುವ ಮುಂಚೆ ಅವಳ ಹತ್ತಿರ ಅಳತೆಗೆ ಸರಿಯಾದ ಒಂದು ಬ್ರಾ ಇದೆಯೇ, ಓಡಲು ಸ್ಪೋರ್ಟ್ಸ್ ಬ್ರಾ ಇದೆಯೇ ಎಂದು ಕೇಳಬೇಕು. ಸ್ಪೋರ್ಟ್ಸ್ ಬ್ರಾ ಹುಟ್ಟಿದ್ದೂ ಓಡುವವರ ಕಷ್ಟದಿಂದಲೇ. 1977ರಲ್ಲಿ ಅಮೆರಿಕದ ವರ್ಮಾಂಟಿನಲ್ಲಿ ಲೀಸಾ ಲಿಂಡಾಲ್ ಮತ್ತು ಗೆಳತಿಯರು ಗಂಡಸರ ಎರಡು ಆಟದ ಲಂಗೋಟಿಗಳನ್ನು ಸೇರಿಸಿ ಹೊಲಿದು ಮೊದಲನೆಯದನ್ನು ಮಾಡಿದರು. ನಮ್ಮ ಶಾಲೆಗಳಲ್ಲಿ ಶುಚಿ ಯೋಜನೆಯ ಪ್ಯಾಡ್ ಹಂಚುವಾಗ ಮುಟ್ಟಿನ ಬಗ್ಗೆ ಮಾತಾಡುವುದಕ್ಕಾದರೂ ಅವಕಾಶವಾಯಿತು. ಅದೇ ತರಗತಿಯಲ್ಲಿ ಹತ್ತು ನಿಮಿಷ ಇದಕ್ಕೂ ಕೊಟ್ಟರೆ ಯಾರ ಗಂಟು ಹೋಗುತ್ತದೆ? ಬೆಳೆಯುವ ವಯಸ್ಸು, ಅಳತೆ ಬೇಗ ಬೇಗ ಬದಲಾಗುತ್ತದೆ. "ಮುಂದಕ್ಕೂ ಆಗಲಿ" ಎಂದು ಯೂನಿಫಾರ್ಮ್ ತಂದ ಹಾಗೆ ಎರಡು ಸೈಜು ದೊಡ್ಡದು ತರಬೇಡಿ.

ವಾಟ್ಸಾಪಿನಲ್ಲಿ ಸುತ್ತುವ ಹೆದರಿಕೆಗಳ ಬಗ್ಗೆಯೂ ಹೇಳಿಬಿಡುತ್ತೇನೆ. ಬ್ರಾ ಹಾಕಿದರೆ, ಅದರಲ್ಲೂ ಬಿಸಿಲಿನಲ್ಲಿ ಕಪ್ಪು ಬಣ್ಣದ್ದು ಹಾಕಿದರೆ, ಕ್ಯಾನ್ಸರ್ ಬರುತ್ತದೆ ಎನ್ನುವುದಕ್ಕೆ ಆಧಾರವಿಲ್ಲ. ಅಮೆರಿಕದ ಸಿಯಾಟಲ್‌ನ ಫ್ರೆಡ್ ಹಚಿನ್ಸನ್ ಕ್ಯಾನ್ಸರ್ ಸಂಶೋಧನಾ ಕೇಂದ್ರದವರು ಮುಟ್ಟು ನಿಂತ ಮಹಿಳೆಯರನ್ನು ವಿಚಾರಿಸಿ 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಎಷ್ಟು ಹೊತ್ತು ಹಾಕುತ್ತಾರೆ, ತಂತಿ ಇದೆಯೋ ಇಲ್ಲವೋ, ಯಾವುದಕ್ಕೂ ಸ್ತನ ಕ್ಯಾನ್ಸರಿಗೂ ಸಂಬಂಧ ಸಿಗಲಿಲ್ಲ. ನಿಜವಾದ ತೊಂದರೆ ಬೇರೆ ಇದೆ. ಟವೆಲ್ಲಿನ ಕೆಳಗೆ, ಲಂಗದ ಮರೆಯಲ್ಲಿ ಒಣಹಾಕಿ, ಮಳೆಗಾಲದಲ್ಲಿ ಅರೆಹಸಿಯಾಗಿಯೇ ಹಾಕಿಕೊಂಡರೆ ಸ್ತನದ ಕೆಳಗಿನ ಮಡಿಕೆಯಲ್ಲಿ ಫಂಗಸ್ ಸೇರಿ ತುರಿ ಹತ್ತುತ್ತದೆ. ಕರಾವಳಿಯವರಿಗೂ ಮಲೆನಾಡಿನವರಿಗೂ ಇದನ್ನು ಬಿಡಿಸಿ ಹೇಳಬೇಕಿಲ್ಲ. ಗಾಳಿ ಬಿಸಿಲು ಬೀಳುವ ತಂತಿಯ ಮೇಲೆ ಹಾಕಿ. ನೋಡಿದವರು ನೋಡಲಿ.

ಎಲ್ಲರೂ ಬ್ರಾ ಹಾಕಲೇಬೇಕು ಎಂದು ನಾನು ಹೇಳುತ್ತಿಲ್ಲ. ಉತ್ತರ ಕರ್ನಾಟಕದ ಅಜ್ಜಿಯರು ಗುಳೇದಗುಡ್ಡ ಖಣದ ಕುಬಸ ತೊಟ್ಟು, ಎದೆಯ ಕೆಳಗೆ ಗಂಟು ಕಟ್ಟಿ, ಹೊಲದಲ್ಲಿ ದಿನವಿಡೀ ಬಗ್ಗಿ ಎದ್ದು ದುಡಿದಿದ್ದಾರೆ. ಆ ಗಂಟನ್ನು ಅವತ್ತವತ್ತಿನ ಮೈಗೆ ತಕ್ಕಂತೆ ಬಿಗಿಯೋ ಸಡಿಲವೋ ಮಾಡಿಕೊಳ್ಳಬಹುದಿತ್ತು. ಅಂಗಡಿಯ ಬ್ರಾಗೆ ಇರುವುದು ಎರಡು ಮೂರು ಸಾಲು ಹುಕ್ಕು ಮಾತ್ರ, ಅದಕ್ಕೇ ಕೊಳ್ಳುವಾಗ ಇಷ್ಟು ತಲೆ ಕೆಡಿಸಿಕೊಳ್ಳಬೇಕಾಗಿದೆ. ಭುಜ ಹಿಡಿದುಕೊಂಡು ಕೈ ಹಿಂದೆ ಹೋಗದ ವಯಸ್ಸಾದ ತಾಯಂದಿರಿಗೆ ಮುಂದೆ ಹುಕ್ಕಿರುವಂಥದ್ದು ತಂದುಕೊಡಿ, ಅದು ಸಿಗುತ್ತದೆ ಎಂದೇ ಎಷ್ಟೋ ಜನರಿಗೆ ಗೊತ್ತಿಲ್ಲ. ಸ್ತನ ಕ್ಯಾನ್ಸರಿಗೆ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡವರಿಗೆ ಒಳಗೆ ಜೇಬಿರುವ ಬ್ರಾ, ಅದರೊಳಗಿಡುವ ಕೃತಕ ಸ್ತನ ಎರಡೂ ಇವೆ. ಚಿಕಿತ್ಸೆ ಪಡೆದ ಆಸ್ಪತ್ರೆಯಲ್ಲೇ ಸಂಕೋಚವಿಲ್ಲದೆ ವಿಚಾರಿಸಿ.

ಕೊನೆಯ ಕೋರಿಕೆ ಅಂಗಡಿ ಮಾಲೀಕರಿಗೆ. ಕೌಂಟರಿನ ಮುಜುಗರ ತಪ್ಪಿಸಿಕೊಳ್ಳಲು ನಿಮ್ಮ ಗಿರಾಕಿಗಳು ಫೋನಿನಲ್ಲಿ ತರಿಸಿಕೊಳ್ಳಲು ಶುರುಮಾಡಿ ಕಾಲವಾಯಿತು. ಬೆಂಗಳೂರಿನಲ್ಲಿ ರಿಚಾ ಕರ್ ಒಳ ಉಡುಪಿನ ಆನ್‌ಲೈನ್ ಅಂಗಡಿ ಜಿವಾಮೆ ಆರಂಭಿಸಿದ್ದು 2011ರಲ್ಲಿ. ಆದರೂ ಮುಟ್ಟಿ, ಹಾಕಿ ನೋಡಿ ಕೊಳ್ಳುವ ಅನುಕೂಲ ನಿಮ್ಮ ಅಂಗಡಿಯಲ್ಲೇ ಇರಬೇಕಾದ್ದು. ‘ಒಳ ಉಡುಪು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ’ ಎಂಬ ಬೋರ್ಡು ಹಾಕಿದ್ದೀರಿ, ಸ್ವಚ್ಛತೆಯ ದೃಷ್ಟಿಯಿಂದ ಅದು ಸರಿಯೇ. ಹಾಗಿದ್ದರೆ ಕೊಳ್ಳುವ ಮೊದಲು ನೋಡಲು ಬಿಡಿ. ಸೈಜಿಗೊಂದರಂತೆ ಟ್ರಯಲ್ ಪೀಸ್ ಎತ್ತಿಟ್ಟು, ತೆಳು ಬನಿಯನ್ ಮೇಲೆ ಹಾಕಿ ನೋಡಲು ಹೇಳಿ. ಈ ವಿಭಾಗಕ್ಕೆ ಒಬ್ಬ ಹೆಣ್ಣುಮಗಳನ್ನು ಕೂರಿಸಿ, ಆಕೆಗೆ ಅಳೆಯಲು ಕಲಿಸಿ. ಸ್ಟಾಕಿಡುವ ಮೂಲೆಯಲ್ಲಿ ನಾಲ್ಕಡಿ ಜಾಗ, ಒಂದು ದಪ್ಪ ಪರದೆ, ಒಂದು ಕನ್ನಡಿ ಸಾಕು. ಸಿಸಿಟಿವಿ ಆ ಕಡೆ ತಿರುಗಿರಬಾರದು, ತಿರುಗಿಲ್ಲ ಎಂದು ಒಳಗೆ ಹೋಗುವವರಿಗೆ ಕಾಣುವಂತಿರಬೇಕು. ಪರದೆ ಕಟ್ಟುವಾಗ ಪಕ್ಕದಲ್ಲಿ ಒಂದು ಮೊಳೆ ಹೊಡೆದು ಟೇಪನ್ನೂ ನೇತುಹಾಕಿ.