ಉಪ್ಪಿಗೆ ಹೆದರದ ಭತ್ತ

ಗೋಕರ್ಣದ ಓಂ ಬೀಚ್‌ಗೆ ಬಂದವರು ಓಂ ಅಕ್ಷರದಂತೆ ಬಾಗಿದ ದಡ ನೋಡಿ, ಕಾಲು ನೆನೆಸಿಕೊಂಡು ಹೊರಟುಬಿಡುತ್ತಾರೆ. ಅಲ್ಲಿಂದ ತುಸು ದಕ್ಷಿಣಕ್ಕೆ ಅಘನಾಶಿನಿ ನದಿ ಸಮುದ್ರ ಸೇರುತ್ತದೆ. ಆ ಅಳಿವೆಯ ಗದ್ದೆಗಳನ್ನು ನೋಡುವವರು ಕಡಿಮೆ. ನನ್ನನ್ನು ಕೇಳಿದರೆ ಮೊದಲು ನೋಡಬೇಕಾದದ್ದು ಅವನ್ನೇ!

ಮಕ್ಕಳೇ, ಮಾವಿನ ಮಿಡಿಗೆ ಉಪ್ಪು ಹಾಕಿಟ್ಟರೆ ಏನಾಗುತ್ತದೆ? ಕೆಲವೇ ದಿನಗಳಲ್ಲಿ ಮಿಡಿ ಮುದುಡಿ, ಭರಣಿಯಲ್ಲಿ ನೀರು ತುಂಬಿರುತ್ತದೆ. ಹೊರಗಿನ ಉಪ್ಪು ಮಿಡಿಯೊಳಗಿನ ನೀರನ್ನು ಸೆಳೆದಿದೆ. ಇದೇ ಅಭಿಸರಣೆ. ಭತ್ತದ ಬೇರಿನ ಪಾಡೂ ಹೀಗೆಯೇ. ಮಣ್ಣಿನಲ್ಲಿ ಉಪ್ಪು ಹೆಚ್ಚಾದರೆ ಸುತ್ತ ನೀರು ನಿಂತಿದ್ದರೂ ಗಿಡಕ್ಕೆ ಬಾಯಾರಿಕೆ. ಸಾಲದ್ದಕ್ಕೆ ಸೋಡಿಯಂ ಎಲೆಗೇರಿ ಅದನ್ನು ಒಣಗಿಸುತ್ತದೆ.

ಆದರೂ ಕುಮಟಾ ತಾಲ್ಲೂಕಿನ ಮಾಣಿಕಟ್ಟಾದಂಥ ಊರುಗಳ ಗಜನಿ ಭೂಮಿಯಲ್ಲಿ 'ಕಗ್ಗ' ಎಂಬ ಭತ್ತ ಬೆಳೆಯುತ್ತದೆ. ಕರಿ ಕಗ್ಗ, ಬಿಳಿ ಕಗ್ಗ ಎಂದು ಎರಡು ಬಗೆ. ಜೋರು ಮಳೆ ಮಣ್ಣಿನ ಉಪ್ಪನ್ನು ಬಹುಮಟ್ಟಿಗೆ ತೊಳೆಯುತ್ತದೆ, ಉಳಿದದ್ದನ್ನು ಕಗ್ಗ ತಾಳಿಕೊಳ್ಳುತ್ತದೆ. ನೆರೆಯಲ್ಲಿ ಕೆಲವು ದಿನ ಮುಳುಗಿದರೂ ಸಾಯದು. ಗೊಬ್ಬರ ಕೊಡುವವರಿಲ್ಲ, ಔಷಧಿ ಹೊಡೆಯುವವರಿಲ್ಲ. ಕೊಯ್ಲಿನ ನಂತರ ಭರತದ ನೀರು ಒಳಬರುತ್ತದೆ. ಕೊಳೆತ ಕೂಳೆಯ ನಡುವೆ ಮೀನು, ಸಿಗಡಿ ಬೆಳೆಯುತ್ತವೆ. ಅವುಗಳ ಹಿಕ್ಕೆಯೇ ಮುಂದಿನ ಬೆಳೆಗೆ ಗೊಬ್ಬರ.

ಕೇರಳದಲ್ಲಿ ಇಂಥದ್ದೇ ಒಂದು ಭತ್ತವಿದೆ, ಪೊಕ್ಕಾಳಿ. ಅದರ ಮೊದಲನೇ ವರ್ಣತಂತುವಿನಲ್ಲಿ ಸೋಡಿಯಂ-ಪೊಟ್ಯಾಸಿಯಂ ಸಮತೋಲ ಕಾಯುವ 'ಸಾಲ್ಟಾಲ್' ಎಂಬ ಭಾಗವನ್ನು ವಿಜ್ಞಾನಿಗಳು ಗುರುತಿಸಿದರು. ಅದನ್ನು ಬೇರೆ ತಳಿಗಳಿಗೆ ಸಂಕರದಿಂದ ಸೇರಿಸುತ್ತಿದ್ದಾರೆ. ಎಂ.ಎಸ್ಸಿ. ಓದುವಾಗ ನಾನು ಪೊಕ್ಕಾಳಿಯ ಹೆಸರು ಕೇಳಿದ್ದೆ. ಪಕ್ಕದ ಕಗ್ಗದ ಹೆಸರು ಕೇಳಿರಲಿಲ್ಲ!

ಕಗ್ಗದ ಇಳುವರಿ ಕಡಿಮೆ, ನಿಜ. ಕಟ್ಟೆ ಒಡೆದರೆ ಬೆಳೆಯೇ ಹೋಯಿತು. ಸಿಗಡಿಯಲ್ಲಿ ಹಣ ಹೆಚ್ಚು. ಹೀಗಾಗಿ ಹಲವರು ಕಗ್ಗ ಬಿಟ್ಟಿದ್ದಾರೆ. ಅವರನ್ನು ನಾನು ದೂರಲಾರೆ. ಆದರೆ ಬೀಜವನ್ನು ಪ್ರಯೋಗಾಲಯದ ತಣ್ಣನೆಯ ಪೆಟ್ಟಿಗೆಯಲ್ಲಿಟ್ಟರೆ ಸಾಕು ಎಂಬ ಮಾತನ್ನು ಮಾತ್ರ ಒಪ್ಪಲಾರೆ. ಮನೆಯಲ್ಲಿಟ್ಟ ಭತ್ತ ಕರಾವಳಿಯ ತೇವಕ್ಕೆ ಬೇಗ ಮೊಳೆಯುವ ಶಕ್ತಿ ಕಳೆದುಕೊಳ್ಳುತ್ತದೆ. ವರ್ಷವರ್ಷ ಬಿತ್ತಿದರೇ ತಳಿಯೂ ಉಳಿಯುತ್ತದೆ, ಬಿತ್ತುವ ಜಾಣ್ಮೆಯೂ ಉಳಿಯುತ್ತದೆ. ಸಮುದ್ರಮಟ್ಟ ಏರುತ್ತಿರುವಾಗ ಇವೆರಡೂ ನಮಗೆ ಬೇಕು.

2024ರಲ್ಲಿ ಅಘನಾಶಿನಿ ಅಳಿವೆ ರಾಮ್ಸಾರ್ ಪಟ್ಟಿಗೆ ಸೇರಿತು. ಹಕ್ಕಿ, ಮೀನುಗಳಿಗೆ ಸಿಕ್ಕ ಗೌರವ ಕಗ್ಗದ ರೈತರಿಗೂ ಸಿಗಬೇಕು. ಗಟ್ಟಿ ಕಟ್ಟೆ, ಒಳ್ಳೆಯ ಬೆಲೆ ಸಿಗಬೇಕು. ಅಳಿವೆಯ ಸುತ್ತಲಿನ ಶಾಲೆಗಳ ಬಿಸಿಯೂಟದಲ್ಲಿ ವಾರಕ್ಕೊಮ್ಮೆ ಕಗ್ಗದ ಕೆಂಪಕ್ಕಿ ಅನ್ನ ಯಾಕಾಗಬಾರದು?

ಈ ವಾರ ಎರಡು ತಟ್ಟೆಗಳಲ್ಲಿ ಇಪ್ಪತ್ತಿಪ್ಪತ್ತು ಭತ್ತದ ಕಾಳು ಇಡಿ. ಒಂದಕ್ಕೆ ಸಿಹಿನೀರು, ಇನ್ನೊಂದಕ್ಕೆ ಲೀಟರಿಗೆ ಎರಡು ಚಮಚ ಉಪ್ಪು ಬೆರೆಸಿದ ನೀರು ಹಾಕಿ. ಐದು ದಿನ ಮೊಳಕೆ ಎಣಿಸಿ ಬರೆದಿಡಿ. ಯಾರಾದರೂ ರೈತರಿಂದ ಕಗ್ಗದ ಕಾಳು ಸಿಕ್ಕರೆ ಮೂರನೇ ತಟ್ಟೆಯನ್ನು ಉಪ್ಪುನೀರಿನಲ್ಲೇ ಇಡಿ.