ಮೂರು ನಿಮಿಷಗಳ ಅಂತರ

ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳ ಸೀಮೆಯಲ್ಲಿ ‘ಕಣ’ ಎಂಬ ಮಾತಿಗೆ ಎರಡು ಅರ್ಥಗಳುಂಟು. ಜಾತ್ರೆಯ ದಿನ ಜಟ್ಟಿಗಳು ಸೆಣಸುವುದು ಒಂದು ಕಣ. ಸುಗ್ಗಿಯಲ್ಲಿ ಬಿಳಿಜೋಳದ ರಾಶಿ ಬೀಳುವುದು ಇನ್ನೊಂದು ಕಣ. ಮೊದಲನೆಯದರಲ್ಲಿ ಒಂದೇ ಪಟ್ಟಿನಲ್ಲಿ ಸೋಲು ಗೆಲುವುಗಳ ತೀರ್ಮಾನ. ಎರಡನೆಯದರಲ್ಲಿಯೋ, ಬಿತ್ತಿದಂದಿನಿಂದ ಕಾಳು ಚೀಲವನ್ನು ಸೇರುವವರೆಗೆ ದಿನವೂ ಪರೀಕ್ಷೆಯೇ.

ಕಾಲ್ಚೆಂಡಾಟಕ್ಕೂ ಇಂಥ ಎರಡು ಕಣಗಳಿವೆ. ಕಪ್ ಪಂದ್ಯಾವಳಿಯೆಂಬುದು ಜಾತ್ರೆಯ ಕುಸ್ತಿ. ಅದರ ಕೊನೆಯ ಸುತ್ತುಗಳಲ್ಲಿ ಸೋತವನು ಮನೆಯ ಹಾದಿ ಹಿಡಿಯಬೇಕು. ಲೀಗ್ ಎಂಬುದು ಒಕ್ಕಲುತನ. ಪ್ರತಿ ತಂಡವೂ ಉಳಿದೆಲ್ಲ ತಂಡಗಳೊಡನೆ ತನ್ನೂರಿನಲ್ಲೊಮ್ಮೆ, ಅವರೂರಿನಲ್ಲೊಮ್ಮೆ ಆಡಬೇಕು. ಗೆದ್ದರೆ ಮೂರು ಅಂಕ, ಸಮವಾದರೆ ಒಂದು, ಸೋತರೆ ಸೊನ್ನೆ. ಒಂದೇ ವರ್ಷದಲ್ಲಿ ಈ ಎರಡು ಕಣಗಳಲ್ಲಿಯೂ ಇಳಿದು, ಒಂದರಲ್ಲಿ ಗೆದ್ದು ಇನ್ನೊಂದರಲ್ಲಿ ಸೋತ ನಮ್ಮ ರಾಜಧಾನಿಯ ತಂಡವೊಂದರ ಕಥೆ ವಾಚಕರ ಮನನಕ್ಕೆ ಯೋಗ್ಯವಾಗಿದೆ.

ಬೆಂಗಳೂರು ಫುಟ್‌ಬಾಲ್ ಕ್ಲಬ್ಬು ಹುಟ್ಟಿದ್ದು 2013ರಲ್ಲಿ. ಹುಟ್ಟಿದ ಮೊದಲ ಋತುವಿನಲ್ಲಿಯೇ, 2014ರ ಏಪ್ರಿಲಿನಲ್ಲಿ, ಅದು ಐ-ಲೀಗ್ ಪ್ರಶಸ್ತಿಯನ್ನು ಗೆದ್ದು ದೇಶವನ್ನೇ ಬೆರಗುಗೊಳಿಸಿತು. ನೆಲವೇನೋ ಹೊಸದಲ್ಲ. 1937ರಲ್ಲಿ ಮುಂಬಯಿಯ ರೋವರ್ಸ್ ಕಪ್ಪನ್ನು ಗೆದ್ದ ಬೆಂಗಳೂರು ಮುಸ್ಲಿಮ್ಸ್ ತಂಡ ಈ ಊರಿನದೇ. ಸಂತೋಷ್ ಟ್ರೋಫಿಯನ್ನು ಮೈಸೂರು ಸಂಸ್ಥಾನ ಮತ್ತು ರಾಜ್ಯದ ತಂಡ ನಾಲ್ಕು ಬಾರಿ ಗೆದ್ದುದುಂಟು. 1977ರಲ್ಲಿ ಫೆಡರೇಷನ್ ಕಪ್ ಪ್ರಾರಂಭವಾದಾಗ ಅದರ ಪ್ರಥಮ ವಿಜೇತರಾದವರು ಬೆಂಗಳೂರಿನ ಐ.ಟಿ.ಐ. ಕಾರ್ಖಾನೆಯ ಆಟಗಾರರು, ಅಂದು ಸೋತದ್ದು ಕಲ್ಕತ್ತೆಯ ಮೋಹನ್ ಬಾಗಾನ್.

ಎರಡನೆಯ ಋತುವಿನಲ್ಲಿ ಹೊಸ ತಂಡದ ಪಾಲಿಗೆ ಮೊದಲು ಬಂದದ್ದು ಆ ಫೆಡರೇಷನ್ ಕಪ್ಪೇ. 2015ರ ಜನವರಿ 11ರಂದು, ಗೋವೆಯ ಮಡಗಾಂವಿನಲ್ಲಿ, ಗೋವೆಯದೇ ಆದ ಡೆಂಪೊ ತಂಡವನ್ನು ಅದರ ಜನರ ಕಣ್ಣೆದುರಿಗೇ 2-1ರಿಂದ ಸೋಲಿಸಿ ನಾಯಕ ಸುನಿಲ್ ಛೆಟ್ರಿಯ ಬಳಗ ಕಪ್ಪನ್ನು ಮನೆಗೆ ತಂದಿತು. 38 ವರ್ಷಗಳ ಹಿಂದೆ ಐ.ಟಿ.ಐ. ಎತ್ತಿದ್ದ ಪ್ರಶಸ್ತಿ ಬೆಂಗಳೂರಿಗೆ ಮರಳಿತು. ಕುಸ್ತಿಯ ಕಣ ಒಲಿದಿತ್ತು.

ಅನಂತರ ಒಕ್ಕಲುತನ. ಜನವರಿಯಿಂದ ಮೇ ಕೊನೆಯವರೆಗೆ ಹನ್ನೊಂದು ತಂಡಗಳು, ತಂಡಕ್ಕೆ ಇಪ್ಪತ್ತು ಪಂದ್ಯಗಳು. ಹತ್ತೊಂಬತ್ತು ಮುಗಿದಾಗ ಮೋಹನ್ ಬಾಗಾನ್ 38 ಅಂಕ, ಬೆಂಗಳೂರು 36. ಕೊನೆಯ ದಿನ, ಮೇ 31ರಂದು, ಕಂಠೀರವ ಕ್ರೀಡಾಂಗಣದಲ್ಲಿ ಇವೆರಡೇ ಎದುರುಬದುರು! ಬೆಂಗಳೂರು ಗೆಲ್ಲಲೇಬೇಕು, ಬಾಗಾನಿಗೆ ಸಮವಾದರೂ ಸಾಕು. ಆದರೆ ಅವರದೂ ಸಾಮಾನ್ಯ ಹಸಿವಲ್ಲ. 1911ರಲ್ಲಿ ಆಂಗ್ಲ ಸೈನಿಕರ ತಂಡವನ್ನು ಸೋಲಿಸಿದ ಕೀರ್ತಿಯುಳ್ಳ ಆ ಹಿರಿಯ ಕ್ಲಬ್ಬಿಗೆ ರಾಷ್ಟ್ರೀಯ ಲೀಗ್ ಒಲಿದು ಹದಿಮೂರು ವರ್ಷಗಳಾಗಿದ್ದುವು.

41ನೆಯ ನಿಮಿಷದಲ್ಲಿ ಬೆಂಗಳೂರಿನ ರಕ್ಷಕ ಜಾನ್ ಜಾನ್ಸನ್ ಗೋಲು ಹೊಡೆದ. ಮೈದಾನ ಮಳೆಗೆ ತೊಯ್ದಿತ್ತು, ಪ್ರೇಕ್ಷಕರೂ ತೊಯ್ದಿದ್ದರು, ಆದರೆ ಎದ್ದು ಹೋಗುವವರಾರು? ಎಂಬತ್ತು ನಿಮಿಷಗಳು ಕಳೆದುವು, ಎಂಬತ್ತೈದು ಕಳೆದುವು. 87ನೆಯ ನಿಮಿಷದಲ್ಲಿ ಹೈತಿ ದೇಶದ ಸೋನಿ ನಾರ್ಡೆ ಮೂಲೆಯಿಂದ ಒದ್ದ ಚೆಂಡಿಗೆ ನೈಜೀರಿಯದ ಬೆಲ್ಲೊ ರಜಾಕ್ ತಲೆಗೊಟ್ಟ. ಅಷ್ಟೇ. ಪಂದ್ಯ 1-1. ಬಾಗಾನ್ 39, ಬೆಂಗಳೂರು 37. ರಾಶಿ ಕಣದಲ್ಲಿರುವಾಗಲೇ ಮಳೆ ಸುರಿದಂತಾಯಿತು!

ಆ ರಾತ್ರಿ ಅಭಿಮಾನಿಗಳು ಹಳಿದದ್ದು ಆ ಮೂರು ನಿಮಿಷಗಳನ್ನೇ ಇರಬೇಕು. ಆದರೆ ಲೆಕ್ಕದ ಪುಸ್ತಕ ಬೇರೆಯೇ ಮಾತನ್ನು ಹೇಳುತ್ತದೆ. ಆ ಋತುವಿನಲ್ಲಿ ಬೆಂಗಳೂರು ಗೆದ್ದದ್ದು ಹತ್ತು, ಸೋತದ್ದು ಮೂರು, ಸಮ ಮಾಡಿಕೊಂಡದ್ದು ಏಳು. ಸಮವಾದ ಪ್ರತಿ ಪಂದ್ಯದಲ್ಲಿಯೂ ಎರಡೆರಡು ಅಂಕಗಳು ಸದ್ದಿಲ್ಲದೆ ಸೋರಿಹೋದುವು. ಕೊನೆಯ ದಿನದ್ದು ಅವುಗಳಲ್ಲಿ ಒಂದು ಮಾತ್ರ. ಉಳಿದ ಆರು ದಿನಗಳಂದು ಯಾರೂ ಎದೆ ಬಡಿದುಕೊಳ್ಳಲಿಲ್ಲ. ಹಕ್ಕಿ ತಿಂದ ತೆನೆ, ಇಲಿ ಕದ್ದ ಕಾಳು, ಹೊತ್ತು ಮೀರಿ ಮಾಡಿದ ಎಡೆಕುಂಟೆ, ಇವನ್ನು ಮರೆತು ಕಡೆಯ ಮಳೆಯೊಂದನ್ನೇ ಶಪಿಸುವುದು ಮನುಷ್ಯ ಸ್ವಭಾವ. ಲೀಗಿನ ನ್ಯಾಯ ನಿಷ್ಠುರವಾದದ್ದು ಇದಕ್ಕಾಗಿಯೇ: ಅಲ್ಲಿ ಯಾವ ದಿನವೂ ಸಣ್ಣದಲ್ಲ.

ಡೋಣಿಯ ದಂಡೆಯ ರೈತನಿಗೆ ಇದನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಒಂದು ವರ್ಷದ ರಾಶಿ ತೊಯ್ದಿತೆಂದು ಆತ ಕೂರಿಗೆಯನ್ನು ಅಟ್ಟಕ್ಕೆಸೆಯುವುದಿಲ್ಲ. ಮುಂದಿನ ಹಿಂಗಾರಿಗೆ ಬೀಜವನ್ನು ಎತ್ತಿಡುತ್ತಾನೆ. ಬೆಂಗಳೂರಿನ ಹುಡುಗರು ಮಾಡಿದ್ದೂ ಅದನ್ನೇ. 2016ರ ಏಪ್ರಿಲಿನಲ್ಲಿ, ಅದೇ ಕಂಠೀರವದಲ್ಲಿ, ಕೊನೆಯ ದಿನದವರೆಗೆ ಕಾಯದೆಯೇ ಅವರು ಐ-ಲೀಗನ್ನು ಮರಳಿ ಗೆದ್ದರು. ಆ ನವೆಂಬರಿನಲ್ಲಿ ದೋಹಾದವರೆಗೆ ಹೋಗಿ, ಎ.ಎಫ್.ಸಿ. ಕಪ್ಪಿನ ಅಂತಿಮ ಪಂದ್ಯವನ್ನಾಡಿದ ಮೊದಲ ಭಾರತೀಯ ತಂಡವೆನಿಸಿದರು. ಅಲ್ಲಿ ಇರಾಕಿನ ವಾಯುಪಡೆಯ ತಂಡಕ್ಕೆ ಒಂದು ಗೋಲಿನಿಂದ ಸೋತರೆಂಬುದೂ ನಿಜ. ಅದು ಮತ್ತೆ ಕುಸ್ತಿಯ ಕಣ. ಅಲ್ಲಿ ಒಂದು ಪಟ್ಟು ತಪ್ಪಿದರೆ ಆಯಿತು.