ಒಲೆ ಹೊಳೀಲಿಲ್ಲ ಅಂದ್ರೆ ಏನು ಹೋಯ್ತು?

ಯುಗಾದಿ ಹತ್ರ ಬಂತು ಅಂದ್ರೆ ನಮ್ ಕಡೆ ಸುಣ್ಣ ಬಣ್ಣದ ಜೊತೆಗೆ ಗ್ಯಾಸ್ ಒಲೆ ತಿಕ್ಕೋದೂ ಒಂದು ಹಬ್ಬದ ಕೆಲಸವೇ. ಹೋಳಿಗೆ ಬೇಯಿಸೋಕೆ ಮುಂಚೆ ಒಲೆ ಕನ್ನಡಿ ಥರ ಹೊಳೀಬೇಕು, ಇಲ್ದಿದ್ರೆ ಬಂದ ನಾದಿನಿ ಮೂಗು ಮುರೀತಾಳೆ. ಒಲೆ ಮೇಲೆ ಮುಖ ನೋಡ್ಕೊಂಡು ಯಾರು ತಲೆ ಬಾಚ್ಕೋಬೇಕೋ ಗೊತ್ತಿಲ್ಲ! ಈ ಹೊಳಪಿನ ಹುಚ್ಚು ಕಡಿಮೆ ಆಗ್ಬೇಕು, ಅದಕ್ಕೂ ಮೊದ್ಲು ಆಸಿಡ್ ಬಾಟ್ಲಿ ಅಡಿಗೆಮನೆಯಿಂದ ಆಚೆ ಹೋಗ್ಬೇಕು ಅನ್ನೋದು ನನ್ ಮಾತು.

ಹೋದ ವರ್ಷ ಕೊರಟಗೆರೇಲಿರೋ ನಮ್ ವಾರಗಿತ್ತಿ ಹಬ್ಬದ ಹಿಂದಿನ ವಾರ ಅಡಿಗೆಕಟ್ಟೆಗೆಲ್ಲ ಬ್ಲೀಚಿಂಗ್ ಪೌಡ್ರು ಉದುರ್ಸಿ ಬಿಟ್ಟಿದ್ಲು. ಅದನ್ನ ತೊಳೆಯೋಕೆ ಮುಂಚೇನೇ, ಒಲೆ ಜಿಡ್ಡು ಹೋಗ್ಲಿ ಅಂತ, ಬೀದೀಲಿ ಮಾರ್ಕೊಂಡು ಬಂದೋನ ಹತ್ರ ತಗಂಡಿದ್ದ ಆಸಿಡ್ ಸುರುದ್ಲು. ಕಿಟಕಿ ಬೇರೆ ಹಾಕಿತ್ತು. ಎರಡೂ ಸೇರ್ತಿದ್ದಂಗೇ ಎಂಥಾ ಘಾಟು ಎದ್ದಿತು ಅಂದ್ರೆ, ಕಣ್ಣು ಬಿಡೋಕಾಗ್ದೆ ಗೋಡೆ ಹಿಡ್ಕೊಂಡು ಆಚೆ ಬಂದು ಅಂಗಳದಾಗೆ ಕುಸುದು ಕೂತ್ಲು. ಎರಡು ದಿನ ಆಸ್ಪತ್ರೇಲಿ ಆಕ್ಸಿಜನ್ ಇಕ್ಕಿದ್ರು. ಅದು ಕ್ಲೋರಿನ್ ಗಾಳಿ ಅಂತೆ. 1915ರಲ್ಲಿ ಬೆಲ್ಜಿಯಂನಾಗೆ ಯುದ್ಧದಲ್ಲಿ ಸೈನಿಕರ ಮೇಲೆ ಬಿಟ್ಟಿದ್ದೂ ಇದೇ ಗಾಳಿ ಅಂತ ನನ್ ಮಗ ಹೇಳ್ದಾಗ ನನಗೆ ಕೈಕಾಲೇ ಆಡ್ಲಿಲ್ಲ. ಹೋಳಿಗೆ ಬೇಯಿಸೋ ಕಟ್ಟೆ ಮೇಲೆ ಯುದ್ಧದ ಗಾಳಿ!

ಆ ಬಾಟ್ಲಿ ಯಾವ್ದು ಅಂತೀರಾ? ಕುಡಿಯೋ ನೀರಿನ ಖಾಲಿ ಬಾಟ್ಲಿ. ಮೇಲೆ ಒಂದು ಅಕ್ಷರ ಇಲ್ಲ. ಮೊಮ್ಮಗು ನೀರು ಅಂತ ಎತ್ತಿದ್ರೆ ಏನು ಗತಿ? ಆಸಿಡ್ ಮಾರೋರು ಕೊಂಡೋರ ಹೆಸರು ವಿಳಾಸ ಬರ್ಕೋಬೇಕು, 18 ತುಂಬದೋರಿಗೆ ಕೊಡ್ಬಾರ್ದು ಅಂತ 2013ರಲ್ಲೇ ಸುಪ್ರೀಂ ಕೋರ್ಟು ಹೇಳೈತೆ. ನಮ್ ಬೀದೀಲಿ ಮಾತ್ರ ಸೊಪ್ಪಿನಂಗೆ ಕೂಗ್ಕೊಂಡು ಮಾರ್ತಾರೆ.

ಇನ್ನೊಂದು ವಿಷಯ, ಆಸಿಡ್‌ನಿಂದ ಎಣ್ಣೆಜಿಡ್ಡು ಹೋಗೋದೇ ಇಲ್ಲ ಕಣಕ್ಕ. ಅದು ತಿನ್ನೋದು ಬೋರ್‌ವೆಲ್ ನೀರಿನ ಬಿಳೀ ಕರೆನ, ಜೊತೆಗೆ ಒಲೆ ಕಬ್ಬಿಣನ. ನಮ್ ಶಿರಾ, ಪಾವಗಡ, ಮಧುಗಿರಿ ಕಡೆ ಕಡ್ಲೆಕಾಯಿ ಎಣ್ಣೆ ಇಲ್ದೆ ಅಡಿಗೆ ಇಲ್ಲ. ಆ ಎಣ್ಣೆ ಹನಿ ಕಾವಿಗೂ ಗಾಳಿಗೂ ಸಿಕ್ಕಿ ದಿನಾ ಕಾದೂ ಕಾದೂ ಮರಕ್ಕೆ ಬಳಿದ ವಾರ್ನಿಷ್ ಥರ ಗಟ್ಟಿಯಾಗ್ತೈತೆ. ಅದಕ್ಕೆ ಬೇಕಾಗಿರೋದು ಕ್ಷಾರ. ನಮ್ಮಜ್ಜಿ ಬೂದಿ ತಗಂಡು ತೆಂಗಿನ ನಾರಲ್ಲಿ ಬೆಳಗ್ತಿದ್ದಿದ್ದು, ಮಡಿವಾಳರು ಸೌಳು ಮಣ್ಣಲ್ಲಿ ಬಟ್ಟೆ ಒಗೀತಿದ್ದಿದ್ದು ಇದೇ ಲೆಕ್ಕದಲ್ಲಿ. ಎಣ್ಣೆಗೆ ಕ್ಷಾರ ಸೇರಿದ್ರೆ ಅದೇ ಸೋಪು ಆಗ್ತೈತೆ.

ನಾನು ಮಾಡೋದು ಇಷ್ಟೇ. ಮೊದ್ಲು ಸಿಲಿಂಡರಿನ ರೆಗ್ಯುಲೇಟರ್ ಬಂದ್ ಮಾಡಿ, ಒಲೆ ಪೂರ್ತಿ ತಣ್ಣಗಾಗೋಗಂಟ ಬಿಡ್ತೀನಿ. ಪಾತ್ರೆ ಇಡೋ ಕಬ್ಬಿಣದ ಸ್ಟ್ಯಾಂಡುಗಳನ್ನ ಬಿಸಿನೀರಿಗೆ ಎರಡು ಚಮಚ ವಾಷಿಂಗ್ ಸೋಡ ಹಾಕಿ ಒಂದು ಗಂಟೆ ನೆನೆ ಹಾಕ್ತೀನಿ, ಕೈಗೆ ಗ್ಲೌಸ್ ಹಾಕ್ಕಂಡೇ. ಅಲ್ಯೂಮಿನಿಯಂ ಸಾಮಾನು ಅದ್ರಾಗೆ ಹಾಕ್ಬಾರ್ದು, ಕಪ್ಪಾಗ್ತೈತೆ. ಒಲೆ ಮೇಲಕ್ಕೆ ಬಿಸಿನೀರಲ್ಲಿ ಅದ್ದಿ ಹಿಂಡಿದ ಬಟ್ಟೆ ಹೊದಿಸಿ ಕಾಲು ಗಂಟೆ ಬಿಟ್ಟು, ಆಮೇಲೆ ಅಡಿಗೆ ಸೋಡ ಕಲಸಿ ಹಳೇ ಬ್ರಷ್ಷಲ್ಲಿ ಉಜ್ಜೋದು. ಗಾಜಿನ ಒಲೆ ಆದ್ರೆ ಕಬ್ಬಿಣದ ನಾರು ಮುಟ್ಟಿಸ್ಬ್ಯಾಡಿ. ಬರ್ನರ್ ಒಣಗದೆ ಹಚ್ಬ್ಯಾಡಿ. ಒಂದ್ಸಲಕ್ಕೆ ಹೋಗ್ಲಿಲ್ಲ ಅಂದ್ರೆ ನಾಳೆ ಇನ್ನೊಂದ್ಸಲ, ಅಷ್ಟೇ. ಕಾಸ್ಟಿಕ್ ಸೋಡ ತರೋಕೆ ಮಾತ್ರ ಹೋಗ್ಬ್ಯಾಡಿ, ಅದು ಚರ್ಮನೂ ಕಣ್ಣೂ ಸುಡ್ತೈತೆ. ಯಾವ್ದೇ ಆಗ್ಲಿ ಕಣ್ಣಿಗೆ ಬಿತ್ತು ಅಂದ್ರೆ ಬರೀ ನೀರಲ್ಲಿ ಇಪ್ಪತ್ತು ನಿಮಿಷ ತೊಳ್ಕೊಂಡು ಡಾಕ್ಟ್ರ ಹತ್ರ ಓಡಿ.

ಬೆಂಗಳೂರಲ್ಲಿರೋ ಮಗಳ ಮನೇಲಿ ಕರೆಂಟ್ ಓವನ್ ಐತೆ. ಅದಕ್ಕೂ ಸೋಡ ಮುದ್ದೆಯೇ. ಪ್ಲಗ್ ಕಿತ್ತು, ತಣ್ಣಗಾದ ಮೇಲೆ ಒಳಗೋಡೆಗೆ ಬಳಿದು ರಾತ್ರಿ ಬಿಟ್ಟು ಬೆಳಿಗ್ಗೆ ಒರೆಸ್ತಾಳೆ. ಕಾಯೋ ಕಂಬಿಗೆ ಸೋಡನೂ ಇಲ್ಲ, ನೀರೂ ಇಲ್ಲ.

ಒಲೆ ಎತ್ತಿದಾಗ್ಲೇ ಕಿತ್ತಳೆ ಟ್ಯೂಬ್ ಮೇಲಿರೋ ವರ್ಷಾನೂ ನೋಡ್ಬುಡಿ. ಐದು ವರ್ಷ ಆಗಿದ್ರೆ ಬದಲಾಯಿಸ್ಬೇಕು. ಗ್ಯಾಸ್ ವಾಸನೆ ಬಂದ್ರೆ ಸ್ವಿಚ್ ಮುಟ್ದಂಗೆ ಕಿಟಕಿ ಬಾಗಿಲು ತೆಗೆದು, ಆಚೆ ಹೋಗಿ 1906ಕ್ಕೆ ಫೋನ್ ಮಾಡಿ. ಯಜಮಾನ್ರಿಗೂ ಇದನ್ನೆಲ್ಲ ತೋರ್ಸಿಕೊಡಿ, ತಿಕ್ಕೋದನ್ನೂ ಸೇರ್ಸಿ. ಬೋಂಡ ತಿನ್ನೋರು ಅವರೂ ತಾನೆ.

ವಾರಗಿತ್ತಿ ಒಲೆ ಮೂಲೇಲಿ ಈಗ್ಲೂ ಅಂಗೈಯಗಲ ಕಂದು ಕರೆ ಐತೆ. ಈ ಯುಗಾದಿಗೆ ಅದೇ ಒಲೆ ಮೇಲೆ ಹೋಳಿಗೆ ಬೇಯಿಸ್ತಾಳಂತೆ, ನಾನು ಹಿಂದಿನ ದಿನಾನೇ ಹೋಗ್ತಾ ಇವ್ನಿ.